ದಿನೇಶ್ ಮಂಗಳೂರು: ನಟ ಅಂತ ಎಲ್ಲರಿಗೂ ಗೊತ್ತು, ಕಲಾ ನಿರ್ದೇಶಕ ಅಂತ ಎಷ್ಟು ಜನರಿಗೆ ಗೊತ್ತು?

ಹಳೇ_ಟಾಕೀಸು

2025ರ ಆಗಸ್ಟ್ 25ರಂದು ದಿನೇಶ್ ಮಂಗಳೂರು ತೀರಿಕೊಂಡರು. ಆವತ್ತು ನನ್ನ ಫೋನಿಗೆ ಬಂದ ಮೆಸೇಜುಗಳೆಲ್ಲ ಒಂದೇ ಥರ ಇದ್ದವು. 'ಕೆಜಿಎಫ್' ಶೆಟ್ಟಿ ಹೋದರಂತೆ, ಅಂತ. ತಪ್ಪೇನಿಲ್ಲ. ಕರ್ನಾಟಕದ ಆಚೆಯವರು ಅವರ ಮುಖ ಗುರುತು ಹಿಡಿದಿದ್ದು ಆ ಪಾತ್ರದಿಂದಲೇ. ಆದರೆ ಅವರು ಸಿನಿಮಾಕ್ಕೆ ಬಂದಿದ್ದು ನಟನಾಗಿ ಅಲ್ಲ. ರಂಗಭೂಮಿಯಿಂದ ಬಂದು ಕಲಾ ನಿರ್ದೇಶನ ಮಾಡಿದವರು. ಈ ಮಾತನ್ನು ಸರಿಯಾಗಿ ಯಾರೂ ಹೇಳಲಿಲ್ಲ ಅಂತ ನನಗೆ ಇನ್ನೂ ಬೇಜಾರಿದೆ. ಅದಕ್ಕೇ ಇದನ್ನು ಶುರು ಮಾಡುತ್ತಿದ್ದೇನೆ.

2007ನೇ ಇಸವಿ ನೋಡಿ. ಸುದೀಪ್ ನಿರ್ದೇಶನದ 'ನಂ. 73, ಶಾಂತಿನಿವಾಸ' ಬಂತು. ಅದರ ಕಲಾ ನಿರ್ದೇಶನ ದಿನೇಶ್ ಅವರದ್ದು. ಅದೇ ವರ್ಷ ಕೆ.ಎಂ. ಚೈತನ್ಯ ಅವರ 'ಆ ದಿನಗಳು' ಬಂತು. ಅದರಲ್ಲಿ ಸೀತಾರಾಮ ಶೆಟ್ಟಿಯಾಗಿ ಅವರೇ ತೆರೆ ಮೇಲೆ ಇದ್ದರು. ಒಂದೇ ವರ್ಷದಲ್ಲಿ ಒಂದು ಚಿತ್ರದಲ್ಲಿ ಕ್ಯಾಮೆರಾ ಹಿಂದೆ, ಇನ್ನೊಂದರಲ್ಲಿ ಮುಂದೆ.

'ಶಾಂತಿನಿವಾಸ' ಹಿಂದಿಯ 'ಬಾವರ್ಚಿ'ಯ ಕತೆ. ಜಗಳಗಂಟ ಕೂಡು ಕುಟುಂಬ, ಯಾವ ಅಡುಗೆಯವನೂ ನಿಲ್ಲದ ಮನೆ. ಅಲ್ಲಿಗೊಬ್ಬ ಅಡುಗೆಯವನು ಬರುತ್ತಾನೆ. ಕತೆ ಹೆಚ್ಚು ಕಡಿಮೆ ಪೂರ್ತಿ ಆ ಒಂದು ಮನೆಯದ್ದೇ. ಅಂಥ ಸಿನಿಮಾದಲ್ಲಿ ಮನೆಯೇ ಒಂದು ಪಾತ್ರ. ಅಡುಗೆಮನೆ ಎಲ್ಲಿ, ಜಗಲಿ ಎಲ್ಲಿ, ಹಿರಿಯರ ಕುರ್ಚಿ ಯಾವ ಕಡೆ ಮುಖ ಮಾಡಿದೆ, ಇದನ್ನೆಲ್ಲ ಯೋಚಿಸೋದು ಕಲಾ ನಿರ್ದೇಶಕರ ಕೆಲಸ. ಇಂಥ ಕೆಲಸ ಮಾಡಿದ ಮನುಷ್ಯ ಆಮೇಲೆ ಬೇರೆಯವರ ಸೆಟ್ಟಿನಲ್ಲಿ ನಟನಾಗಿ ನಿಂತಾಗ ಏನಾಗುತ್ತದೆ? ನನಗೆ ಅವರ ನಟನೆಯಲ್ಲಿ ಯಾವತ್ತೂ ಕಂಡಿದ್ದು ಒಂದೇ. ಅವರು ಆ ಜಾಗದವರೇ ಅನ್ನಿಸುತ್ತಿತ್ತು. ಬಂದು ನಿಂತವರ ಥರ ಇರುತ್ತಿರಲಿಲ್ಲ. ನಿಮಗೂ ಹಾಗೆ ಅನ್ನಿಸಿದೆಯಾ?

ಘಾಟ್ಕೋಪರ್_ಕನ್ನಡಿಗ

ಅನ್ನಿಸಿದೆ. ನಾನು ಮುಂಬೈಯಲ್ಲೇ ಹುಟ್ಟಿ ಬೆಳೆದವನು. ಅಪ್ಪ ಉಡುಪಿ ಕಡೆಯವರು, ಹೋಟೆಲ್ ಗಲ್ಲೆಯಲ್ಲಿ ಮೂವತ್ತು ವರ್ಷ ಕೂತವರು. 'ಕೆಜಿಎಫ್' ಮೊದಲ ಭಾಗವನ್ನು 2018ರ ಡಿಸೆಂಬರಿನಲ್ಲಿ ಇಲ್ಲೇ ನೋಡಿದೆ. ಸಿನಿಮಾದ ಮುಂಬೈಯಲ್ಲಿ ಒಬ್ಬ ಶೆಟ್ಟಿ ಇರಲೇಬೇಕು ಅಂತ ನಮಗೆ ಗೊತ್ತು. ಆದರೆ ಬೇರೆ ಸಿನಿಮಾಗಳಲ್ಲಿ ಆ ಶೆಟ್ಟಿಗೆ ನಮ್ಮ ಊರಿನ ಗಂಧವೇ ಇರುವುದಿಲ್ಲ. ದಿನೇಶ್ ಅವರನ್ನು ನೋಡಿದಾಗ ಅಪ್ಪ ಪಕ್ಕದಲ್ಲಿ ಕೂತು ಇವರು ನಮ್ಮವರೇ ಅಂದರು. ಮಾತು ಕೇಳುವ ಮೊದಲೇ ಅಂದಿದ್ದು. ಕೂತ ರೀತಿ ನೋಡಿಯೇ ಗೊತ್ತಾಯಿತಂತೆ.

ಅವರು ಕಲಾ ನಿರ್ದೇಶಕರೂ ಆಗಿದ್ದರು ಅನ್ನೋದು ನನಗೆ ಇವತ್ತೇ ಗೊತ್ತಾಗಿದ್ದು. ಥ್ಯಾಂಕ್ಸ್ ಅಣ್ಣ.

ರೀಪರ್_ಪಟ್ಟಿ

ನಾನು ಸ್ವಲ್ಪ ಉದ್ದ ಬರೀತೀನಿ, ಸಹಿಸ್ಕೊಳ್ಳಿ. ಏಳು ವರ್ಷ ಆರ್ಟ್ ಡಿಪಾರ್ಟ್‌ಮೆಂಟಿನಲ್ಲಿ ಅಸಿಸ್ಟೆಂಟ್ ಆಗಿ ದುಡಿದವನು ನಾನು. ದಿನೇಶ್ ಸರ್ ಜೊತೆ ಕೆಲಸ ಮಾಡಿದ್ದಿಲ್ಲ. ಆದರೆ ಈ ಕೆಲಸ ಒಬ್ಬ ಮನುಷ್ಯನಿಗೆ ಏನು ಕಲಿಸುತ್ತದೆ ಅಂತ ಹೇಳಬಲ್ಲೆ.

ಸೆಟ್ ಅಂದರೆ ಜನ ಅರಮನೆ, ಕೋಟೆ ಅಂದುಕೊಳ್ಳುತ್ತಾರೆ. ಅರಮನೆ ಸುಲಭ. ಕಷ್ಟ ಇರೋದು ಸಾಮಾನ್ಯ ಮನೆಯಲ್ಲಿ. ಅರಮನೆ ಹೇಗಿರುತ್ತದೆ ಅಂತ ನೋಡುವವರಿಗೆ ಗೊತ್ತಿಲ್ಲ, ಹೇಗೆ ಮಾಡಿದರೂ ಒಪ್ಪುತ್ತಾರೆ. ಮನೆ ಹೇಗಿರುತ್ತದೆ ಅಂತ ಎಲ್ಲರಿಗೂ ಗೊತ್ತು. ಒಂದು ಕ್ಯಾಲೆಂಡರ್ ತಪ್ಪು ಜಾಗದಲ್ಲಿ ನೇತು ಹಾಕಿದರೂ ಏನೋ ಸರಿಯಿಲ್ಲ ಅನ್ನಿಸುತ್ತದೆ.

ಒಂದು ಗೋಡೆಯ ಕತೆ ಹೇಳ್ತೀನಿ. ರೀಪರ್ ಪಟ್ಟಿ, ಅಂದರೆ ಮರದ ತೆಳು ಪಟ್ಟಿ, ಹೊಡೆದು ಚೌಕಟ್ಟು ಮಾಡಿ, ಮೇಲೆ ಪ್ಲೈವುಡ್ ಜಡಿದು, ಜಾಯಿಂಟಿಗೆ ಪೇಪರ್ ಅಂಟಿಸಿ ಬಣ್ಣ ಹೊಡೆದೆವು. ನೋಡೋಕೆ ಗೋಡೆ. ಆದರೆ ನಿನ್ನೆ ಕಟ್ಟಿದ ಗೋಡೆ. ಕತೆಯಲ್ಲಿ ಆ ಮನೆಗೆ ನಲವತ್ತು ವರ್ಷ. ನಮ್ಮ ಕಲಾ ನಿರ್ದೇಶಕರು ಬಂದು ನೋಡಿದರು. ಒಂದು ಹಳೇ ಬನಿಯನ್ ಬಟ್ಟೆ ತಗೊಂಡರು. ಕಂದು ಬಣ್ಣಕ್ಕೆ ನೀರು ಜಾಸ್ತಿ ಬೆರೆಸಿ, ಸ್ವಿಚ್ ಬೋರ್ಡ್ ಸುತ್ತ ಒರೆಸಿದರು. ದಿನಾ ಕೈ ತಗುಲಿ ಕಪ್ಪಾದ ಹಾಗೆ ಕಾಣಿಸಿತು. ಬಾಗಿಲ ಚೌಕಟ್ಟಿನಲ್ಲಿ ಮಗುವಿನ ಎತ್ತರಕ್ಕೆ ಬೆರಳಿನ ಗುರುತು ಮಾಡಿದರು. ಕೊನೆಗೆ ಮನೆಯ ಯಜಮಾನನ ಕುರ್ಚಿ ಹಿಂದೆ, ತಲೆ ಒರಗುವ ಜಾಗದಲ್ಲಿ, ಅಂಗೈಯಗಲದ ಎಣ್ಣೆ ಕಲೆ. ನಿಜವಾದ ಕೊಬ್ಬರಿ ಎಣ್ಣೆಯನ್ನೇ ಬೆರಳಿನಲ್ಲಿ ತೀಡಿದ್ದು. ಅಷ್ಟಕ್ಕೇ ಆ ಮನೆಗೆ ಒಬ್ಬ ಮನುಷ್ಯ ಬಂದ ಹಾಗಾಯಿತು.

ಮಾರನೇ ದಿನ ನಟರು ಬಂದರು. ದೊಡ್ಡ ನಟರೇ. ಮೂರು ದಿನ ಶೂಟಿಂಗ್ ಆಯಿತು. ಒಂದು ಸಲವೂ ಅವರ ತಲೆ ಆ ಕಲೆಗೆ ತಾಗಲಿಲ್ಲ. ಕುರ್ಚಿಯ ತುದಿಯಲ್ಲಿ ಕೂತು ಡೈಲಾಗ್ ಹೇಳಿ ಎದ್ದು ಹೋದರು. ಅವರ ತಪ್ಪಲ್ಲ, ಅವರಿಗೆ ಅದು ಕಾಣಲೇ ಇಲ್ಲ. ಕಲೆ ಮಾಡಿದ ಕೈಯವನೇ ಆ ಕುರ್ಚಿಯಲ್ಲಿ ಕೂತಿದ್ದರೆ ಖಂಡಿತ ಒರಗುತ್ತಿದ್ದ. ದಿನೇಶ್ ಸರ್ ನಟನೆಯಲ್ಲಿ ನೀವು ಹೇಳಿದ್ದು ಇದೇ ಅಂತ ನನ್ನ ಲೆಕ್ಕ. ಅವರು ಕುರ್ಚಿ ನೋಡಿದ ತಕ್ಷಣ ಅದರಲ್ಲಿ ಯಾರು ಕೂರುತ್ತಿದ್ದರು ಅಂತ ಯೋಚಿಸುವ ಜಾತಿಯವರು.

ಚೌಕಿಮನೆ

ಇದಕ್ಕೆ ನಮ್ಮ ಕರಾವಳಿ ಕಡೆಯಿಂದ ಒಂದು ಮಾತು ಸೇರಿಸುತ್ತೇನೆ ಮಾರಾಯ್ರೆ. ನಟನೆ ಬೇರೆ, ಸಜ್ಜು ಬೇರೆ ಅಂತ ಭಾಗ ಮಾಡಿದ್ದು ಸಿನಿಮಾ. ನಮ್ಮಲ್ಲಿ ಅದು ಮೊದಲಿನಿಂದಲೂ ಒಟ್ಟಿಗೇ ಇತ್ತು. ಯಕ್ಷಗಾನದ ಚೌಕಿಗೆ, ಅಂದರೆ ವೇಷ ಕಟ್ಟುವ ಜಾಗಕ್ಕೆ, ಹೋಗಿ ನೋಡಿ. ಕಲಾವಿದರು ಸಾಲಾಗಿ ಕೂತು ತಮ್ಮ ಮುಖಕ್ಕೆ ತಾವೇ ಬಣ್ಣ ಹಾಕಿಕೊಳ್ಳುತ್ತಾರೆ. ಬಣ್ಣದ ವೇಷದವರು, ಅಂದರೆ ರಾಕ್ಷಸ ಪಾತ್ರದವರು, ಮುಖಕ್ಕೆ ಚಿಟ್ಟಿ ಇಡುವುದನ್ನು ನಾನು ಚಿಕ್ಕವನಿದ್ದಾಗ ಬಾಯಿ ಬಿಟ್ಟು ನೋಡುತ್ತಿದ್ದೆ. ಅಕ್ಕಿ ಹಿಟ್ಟು, ಸುಣ್ಣ ಕಲಸಿ, ಕಡ್ಡಿಯಲ್ಲಿ ಒಂದೊಂದೇ ಮುಳ್ಳು ಎಬ್ಬಿಸುವುದು. ಗಂಟೆಗಟ್ಟಲೆ ಬೇಕು. ಅಷ್ಟು ಹೊತ್ತು ಕನ್ನಡಿಯಲ್ಲಿ ತನ್ನ ಮುಖವನ್ನು ಕಟ್ಟುತ್ತಾ ಕೂತವನು ರಂಗಸ್ಥಳಕ್ಕೆ ಬರುವಾಗ ರಾಕ್ಷಸನೇ ಆಗಿರುತ್ತಾನೆ.

ಹವ್ಯಾಸಿ ನಾಟಕ ತಂಡಗಳಲ್ಲೂ ಹಾಗೇ. ಸಂಜೆ ಕೆಲಸ ಬಿಟ್ಟು ಬಂದವರು ಒಬ್ಬ ಸುತ್ತಿಗೆ ಹಿಡಿಯುತ್ತಾನೆ, ಒಬ್ಬ ಲೈಟಿಗೆ ವೈರು ಎಳೆಯುತ್ತಾನೆ. ಏಳು ಗಂಟೆಗೆ ಅದೇ ಸುತ್ತಿಗೆಯವನು ಕಿರೀಟ ಇಟ್ಟುಕೊಂಡು ಬರುತ್ತಾನೆ. ಹೆಗ್ಗೋಡಿನ ನೀನಾಸಂನಲ್ಲಿ ರಂಗ ಶಿಕ್ಷಣಕ್ಕೆ ಸೇರಿದವರಿಗೆ ನಟನೆಯ ಜೊತೆ ರಂಗಸಜ್ಜಿಕೆ, ಬೆಳಕು, ಪ್ರಸಾಧನ ಎಲ್ಲ ಕಲಿಸುತ್ತಾರೆ. ಅಲ್ಲಿ ನಟ ಅಂದರೆ ಬರೀ ಮಾತು ಹೇಳುವವನಲ್ಲ.

ಹಾಗಾಗಿ ರಂಗಭೂಮಿಯಿಂದ ಹೋದವರು ಸಿನಿಮಾದಲ್ಲಿ ಎರಡೂ ಮಾಡಿದರು ಅಂದರೆ ನನಗೆ ಆಶ್ಚರ್ಯ ಇಲ್ಲ. ಅರುಣ್ ಸಾಗರ್ ಇಲ್ಲವೇ? ಜನ ಅವರನ್ನು 2013ರ ಮೊದಲ ಬಿಗ್ ಬಾಸ್‌ನಿಂದ ಗುರುತಿಸುತ್ತಾರೆ. ಅವರೂ ನಾಟಕದವರು, ನಟರು, ಕಲಾ ನಿರ್ದೇಶಕರು.

ಸೀದಾ_ಮಾತು

ಒಂದು ತಕರಾರು. ನೀವೆಲ್ಲ ಸ್ವಲ್ಪ ಜಾಸ್ತಿ ಹೇಳುತ್ತಿದ್ದೀರಿ ಅನ್ನಿಸುತ್ತದೆ. ದಿನೇಶ್ ಒಳ್ಳೆಯ ನಟ, ಒಪ್ಪುತ್ತೇನೆ. ಆದರೆ ಅವರಿಗೆ ಸಿಕ್ಕಿದ್ದು ಹೆಚ್ಚಿಗೆ ಎಂಥ ಪಾತ್ರ? ಡಾನ್, ಶೆಟ್ಟಿ, ಪೊಲೀಸು, ಗತ್ತಿನ ಗಂಡಸು. ಆ ಮುಖ, ಆ ಮೈಕಟ್ಟು, ಆ ಮೀಸೆ ನೋಡಿ ಕರೆದರು. ಅದಕ್ಕೂ ಸೆಟ್ ಕಟ್ಟಿದ್ದಕ್ಕೂ ಏನು ಸಂಬಂಧ? ಸೆಟ್ ಕಟ್ಟದ ಎಷ್ಟೋ ನಟರು ಇದೇ ಥರ ಜಾಗಕ್ಕೆ ಒಗ್ಗಿಕೊಂಡು ನಟಿಸುತ್ತಾರೆ.

ಸಾಬು ಸಿರಿಲ್ ಅವರನ್ನೇ ತಗೊಳ್ಳಿ. ಭಾರತದ ದೊಡ್ಡ ಪ್ರೊಡಕ್ಷನ್ ಡಿಸೈನರ್, 'ಬಾಹುಬಲಿ'ಯ ಮಾಹಿಷ್ಮತಿ ಕಟ್ಟಿದವರು. 'ಎಂದಿರನ್'ಗೆ ರಾಷ್ಟ್ರ ಪ್ರಶಸ್ತಿ ಬಂತು, ಅದೇ ಚಿತ್ರದಲ್ಲಿ ಚಿಕ್ಕ ಪಾತ್ರವನ್ನೂ ಮಾಡಿದರು. ಯಾರಾದರೂ ಅವರನ್ನು ನಟ ಅಂತ ನೆನಪಿಟ್ಟಿದ್ದಾರಾ? ಇಲ್ಲ. ಎರಡೂ ಬೇರೆ ಬೇರೆ ವಿದ್ಯೆ.

ಹಳೇ_ಟಾಕೀಸು

ತಕರಾರು ಸರಿಯಾಗಿಯೇ ಇದೆ. ಮೈಕಟ್ಟು ನೋಡಿ ಕರೆದಿರಬಹುದು. ಆದರೆ ಹತ್ತಾರು ಜನರಿಗೆ ಅಂಥ ಮೈಕಟ್ಟು ಇದೆ. ಮತ್ತೆ ಮತ್ತೆ ಕರೆದದ್ದು ಇವರನ್ನು. 'ಅಂಬಾರಿ', 'ಸವಾರಿ', 'ರಣವಿಕ್ರಮ', 'ಉಳಿದವರು ಕಂಡಂತೆ', ಆಮೇಲೆ 'ಕೆಜಿಎಫ್'. ಮುಖ ಒಂದು ಸಲ ಕರೆಸುತ್ತದೆ, ಎರಡನೇ ಸಲ ಕರೆಸೋದು ಕೆಲಸ.

ಇನ್ನೊಂದು ವಿಷಯ. ಚಿಕ್ಕ ಪಾತ್ರದವರಿಗೆ ಸಿನಿಮಾ ಟೈಮ್ ಕೊಡುವುದಿಲ್ಲ. ನಾಯಕನಿಗಾದರೆ ತಾನು ಯಾರು ಅಂತ ತೋರಿಸಲು ಎರಡೂವರೆ ಗಂಟೆ ಇದೆ. ಶೆಟ್ಟಿಗೆ ಎರಡು ನಿಮಿಷ. ಅಷ್ಟರಲ್ಲಿ ಈ ಕೋಣೆ ಇವನದ್ದು, ಈ ಜನ ಇವನವರು ಅಂತ ನಂಬಿಸಬೇಕು. ಮಾತಿನಲ್ಲಿ ಹೇಳೋಕೆ ಆಗಲ್ಲ. ಕೂತು, ನಿಂತು, ಕೈ ಎಲ್ಲಿಡಬೇಕೋ ಅಲ್ಲಿಟ್ಟು ಹೇಳಬೇಕು. ಇದು ಸೆಟ್ ಕೆಲಸದಿಂದ ಬಂದಿದ್ದು ಅಂತ ನಾನು ಆಣೆ ಮಾಡಿ ಹೇಳಲಾರೆ. ಆದರೆ ರೀಪರ್_ಪಟ್ಟಿ ಅವರ ಎಣ್ಣೆ ಕಲೆಯ ಮಾತು ಓದಿದ ಮೇಲೆ ನನಗೆ ನಂಬಿಕೆ ಹೆಚ್ಚಾಗಿದೆ.

ಫಿಲ್ಮ್_ವಿದ್ಯಾರ್ಥಿನಿ

ಈ ಪ್ರೊಡಕ್ಷನ್ ಡಿಸೈನರ್, ಆರ್ಟ್ ಡೈರೆಕ್ಟರ್ ಎರಡೂ ಒಂದೇನಾ ಅಂತ ಯಾರಾದರೂ ಕೇಳುವ ಮೊದಲೇ ಹೇಳಿಬಿಡ್ತೀನಿ. ಹಾಲಿವುಡ್‌ನಲ್ಲಿ 1939ರ 'ಗಾನ್ ವಿತ್ ದ ವಿಂಡ್'ಗೆ ವಿಲಿಯಂ ಕ್ಯಾಮರೂನ್ ಮೆಂಜೀಸ್ ಮಾಡಿದ ಕೆಲಸಕ್ಕೆ ಆರ್ಟ್ ಡೈರೆಕ್ಟರ್ ಅನ್ನೋ ಹೆಸರು ಸಾಲಲಿಲ್ಲ. ಇಡೀ ಚಿತ್ರದ ನೋಟವನ್ನೇ ಅವರು ಮೊದಲೇ ಬರೆದಿಟ್ಟಿದ್ದರು. ಅದಕ್ಕೆ ಪ್ರೊಡಕ್ಷನ್ ಡಿಸೈನ್ ಅನ್ನುವ ಹೆಸರು ಬಂತು. ಆಸ್ಕರ್‌ನವರು ಪ್ರಶಸ್ತಿಯ ಹೆಸರನ್ನು ಬದಲಾಯಿಸಿದ್ದು 2012ರಲ್ಲಿ. ನಮ್ಮ ರಾಷ್ಟ್ರ ಪ್ರಶಸ್ತಿಯಲ್ಲೂ ಮೊದಲು ಆರ್ಟ್ ಡೈರೆಕ್ಷನ್ ಅಂತಲೇ ಇತ್ತು, ಈಗ ಪ್ರೊಡಕ್ಷನ್ ಡಿಸೈನ್. ಕನ್ನಡದಲ್ಲಿ ಇವತ್ತಿಗೂ ಕಲಾ ನಿರ್ದೇಶಕ ಅನ್ನೋದೇ ಬಳಕೆ. ನನಗೆ ಆ ಪದ ಇಷ್ಟ.

ಕ್ಲಾಸಿನಲ್ಲಿ ನಮಗೆ ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ ಅವರ ಒಂದು ಸೆಟ್ ಬಗ್ಗೆ ಹೇಳಿದರು. ಆವತ್ತು ನಾನು ಮನೆಗೆ ಬಂದು ನಿದ್ದೆ ಮಾಡಲಿಲ್ಲ. ಸತ್ಯಜಿತ್ ರೇ ಅವರ 1956ರ 'ಅಪರಾಜಿತೊ'. ಕಾಶಿಯ ಹಳೇ ಮನೆಯ ಅಂಗಳ ಬೇಕಿತ್ತು. ಸುತ್ತ ಎತ್ತರದ ಗೋಡೆ, ಮೇಲಿನಿಂದ ಮಾತ್ರ ಬೆಳಕು. ಅದನ್ನು ಕಲ್ಕತ್ತದ ಸ್ಟುಡಿಯೋದಲ್ಲೇ ಕಟ್ಟಿದರು. ಆದರೆ ಸ್ಟುಡಿಯೋ ಲೈಟು ಹಾಕಿದರೆ ಒಂದೊಂದು ಕಂಬಕ್ಕೆ ನಾಲ್ಕು ನೆರಳು ಬೀಳುತ್ತದೆ, ಅಂಗಳದ ಬೆಳಕಿಗೆ ಹಾಗೆ ನೆರಳು ಇರಲ್ಲ. ಆಗ ಛಾಯಾಗ್ರಾಹಕ ಸುಬ್ರತ ಮಿತ್ರ ಸೆಟ್ ಮೇಲೆ ಬಿಳಿ ಬಟ್ಟೆ ಬಿಗಿದು, ಕೆಳಗಿನಿಂದ ಲೈಟನ್ನು ಆ ಬಟ್ಟೆಗೆ ಹೊಡೆದು ವಾಪಸ್ ಬೀಳಿಸಿದರು. ಮೋಡದ ದಿನದ ಬೆಳಕಿನ ಹಾಗೆ ಮೆತ್ತಗೆ ಇಳಿಯಿತು. ಗೋಡೆ ಸುಳ್ಳು, ಆಕಾಶ ಸುಳ್ಳು. ನೋಡಿದವರು ಕಾಶಿ ಅಂತಲೇ ನಂಬಿದರು.

ಒಂಟಿಕೊಪ್ಪಲು

ಸೆಟ್ ಬಗ್ಗೆ ಮಾತು ಬಂತು. ಮೈಸೂರಿನವನಾಗಿ ನಾನು ಇದನ್ನು ಹೇಳದೆ ಇರಲಾರೆ. 1989ರ ಫೆಬ್ರವರಿ 8. ಪ್ರೀಮಿಯರ್ ಸ್ಟುಡಿಯೋದಲ್ಲಿ ಟಿಪ್ಪು ಸುಲ್ತಾನ್ ಧಾರಾವಾಹಿಯ ಶೂಟಿಂಗ್ ವೇಳೆ ಬೆಂಕಿ ಬಿತ್ತು. 62 ಜನ ಹೋದರು. ಗೋಡೆಗಳಿಗೆ ಗೋಣಿ ಚೀಲ ಹೊದಿಸಿದ್ದರು, ಗಾಳಿ ಆಡಲು ಜಾಗ ಇರಲಿಲ್ಲ, ವೈರಿಂಗ್ ಸರಿ ಇರಲಿಲ್ಲ ಅಂತ ಆಮೇಲೆ ಹೊರಗೆ ಬಂತು. ನನಗೆ ಆಗ ಹನ್ನೊಂದು ವರ್ಷ. ನಮ್ಮ ಬೀದಿಯಲ್ಲಿ ಆ ರಾತ್ರಿ ಯಾರೂ ಮಲಗಲಿಲ್ಲ.

ತೆರೆ ಮೇಲೆ ಅರಮನೆ ಕಾಣುವಾಗ ಅದರ ಹಿಂದೆ ಪ್ಲೈವುಡ್ಡು, ಬಟ್ಟೆ, ಥರ್ಮಾಕೋಲ್, ಬಿಸಿ ಲೈಟು ಇರುತ್ತವೆ. ಅದರ ನಡುವೆ ನೂರಾರು ಜನ ಓಡಾಡುತ್ತಾರೆ. ಸೆಟ್ ಚೆಂದ ಇದೆಯಾ ಅಂತ ಕೇಳುವ ಮೊದಲು, ಹೊರಗೆ ಓಡಲು ದಾರಿ ಎಷ್ಟಿದೆ ಅಂತ ನೋಡುವುದೂ ಆ ಕೆಲಸದ್ದೇ ಭಾಗ ಅಲ್ವಾ? ರೀಪರ್_ಪಟ್ಟಿ ಅವರೇ, ಈಗ ಹೇಗಿದೆ?

ರೀಪರ್_ಪಟ್ಟಿ

ಮೊದಲಿಗಿಂತ ವಾಸಿ. ನಾನು ಕೆಲಸ ಮಾಡಿದ ಕಡೆ ಮರಳಿನ ಬಕೆಟ್ಟು, ಸಿಲಿಂಡರು ಇರುತ್ತಿತ್ತು. ಆದರೆ ಅವಸರ ಇದೆಯಲ್ಲ, ಅದು ಹೋಗಿಲ್ಲ. ಬೆಳಗ್ಗೆ ಆರಕ್ಕೆ ಕಾಲ್‌ಶೀಟ್ ಇದ್ದರೆ ರಾತ್ರಿ ಎರಡರವರೆಗೆ ಬಣ್ಣ ಹೊಡೆಯುತ್ತಿರುತ್ತೇವೆ. ನಿದ್ದೆಗೆಟ್ಟ ಕಾರ್ಪೆಂಟರ್ ಜಡಿದ ಮೊಳೆಯ ಮೇಲೆ ಬೆಳಗ್ಗೆ ಇಪ್ಪತ್ತು ಜನ ನಿಲ್ಲುತ್ತಾರೆ.

ನಾನು ಬಿಟ್ಟಿದ್ದು ಅದಕ್ಕಲ್ಲ. ಒಂದು ಚಿತ್ರಕ್ಕೆ ನಾಲ್ಕು ತಿಂಗಳು ದುಡಿದೆ. ಅರ್ಧ ದುಡ್ಡು ಬರಲೇ ಇಲ್ಲ. ಟೈಟಲ್ ಕಾರ್ಡಿನಲ್ಲಿ ಹೆಸರಾದರೂ ಬರುತ್ತದೆ ಅಂತ ಅಮ್ಮನನ್ನು ಕರೆದುಕೊಂಡು ಹೋಗಿದ್ದೆ. ಅದೂ ಇರಲಿಲ್ಲ. ಅಮ್ಮ ಏನೂ ಕೇಳಲಿಲ್ಲ, ಗೋಡೆ ಚೆನ್ನಾಗಿ ಮಾಡಿದ್ದೀಯ ಅಂದರು. ನಾನು ಗೋಡೆ ಮಾಡಿದ್ದು ಅಂತ ಅವರಿಗೆ ನೆನಪಿತ್ತು.

ಅದಕ್ಕೇ ಕಲಾ ನಿರ್ದೇಶನದಿಂದ ಬಂದವರು ತೆರೆ ಮೇಲೆ ಮುಖ ತೋರಿಸಿದಾಗ ನಮ್ಮ ಡಿಪಾರ್ಟ್‌ಮೆಂಟಿನವರಿಗೆಲ್ಲ ಖುಷಿ ಆಗುತ್ತದೆ. ನಮ್ಮಲ್ಲಿ ಒಬ್ಬರು ಆ ಕಡೆ ಹೋದರು ಅಂತ.

ಮಲ್ಪೆ_ಬೋಟು

ನಾನು ಓದುತ್ತಾ ಸುಮ್ನೆ ಕೂತಿದ್ದೆ, ಈಗ ಬರೆಯುತ್ತೇನೆ. 2014ರ 'ಉಳಿದವರು ಕಂಡಂತೆ' ನಮ್ಮ ಊರಿನ ಸಿನಿಮಾ. ಮಲ್ಪೆ, ಅಷ್ಟಮಿ, ಹುಲಿ ವೇಷ, ಮೀನು, ಬೋಟು. ಬಂದಾಗ ಥಿಯೇಟರಿನಲ್ಲಿ ಜಾಸ್ತಿ ದಿನ ನಿಲ್ಲಲಿಲ್ಲ, ಆಮೇಲೆ ಜನ ಹುಡುಕಿ ಹುಡುಕಿ ನೋಡಿದರು. ಅದರಲ್ಲಿ ದಿನೇಶ್ ಅವರದ್ದು ಶಂಕರ ಪೂಜಾರಿ. ನನ್ನ ಭಾವ ಬೋಟಿನ ತಂಡೇಲ, ಅಂದರೆ ಬೋಟು ನಡೆಸುವವರು. ಸಿನಿಮಾ ಅಂದರೆ ಆಗದವರು. ಮನೆಯವರು ಒತ್ತಾಯ ಮಾಡಿ ಟಿವಿ ಮುಂದೆ ಕೂರಿಸಿದೆವು. ಊರಿನ ಜಾಗ ಬಂದಾಗೆಲ್ಲ ಇದು ಆ ದಕ್ಕೆ (ಬೋಟು ನಿಲ್ಲುವ ಕಟ್ಟೆ), ಇದು ಈ ದಕ್ಕೆ ಅಂತ ಹೇಳುತ್ತಿದ್ದರು. ಪಾತ್ರಗಳು ಬಂದಾಗ ಸುಮ್ಮನಿದ್ದರು. ದಿನೇಶ್ ಬಂದಾಗ ಮಾತ್ರ, ಇವರು ಯಾವ ಬೋಟಿನವರು ಅಂತ ಕೇಳಿದರು. ನಟ ಅಂತ ಅವರಿಗೆ ಅನ್ನಿಸಿರಲೇ ಇಲ್ಲ.

ಇದಕ್ಕಿಂತ ದೊಡ್ಡ ಪ್ರಶಸ್ತಿ ನನಗೆ ಗೊತ್ತಿಲ್ಲ. ಅವರು ಕೊನೆಯುಸಿರೆಳೆದದ್ದೂ ನಮ್ಮ ಕಡೆಯೇ, ಕುಂದಾಪುರದಲ್ಲಿ. ಸುದ್ದಿ ಬಂದಾಗ ಭಾವನಿಗೆ ಹೇಳಿದೆ. ಯಾರು, ಆ ಪೂಜಾರಿಯಾ ಅಂದರು.

ಸೀದಾ_ಮಾತು

ಸರಿ, ನನ್ನ ತಕರಾರು ಅರ್ಧ ವಾಪಸ್ ತಗೊಳ್ತೀನಿ. ಅರ್ಧ ಇರಲಿ. ಇಷ್ಟು ಬಲ್ಲವರಿಗೆ ಡಾನ್ ಪಾತ್ರ ಬಿಟ್ಟು ಬೇರೆ ಕೊಡಲಿಲ್ಲವಲ್ಲ ಅನ್ನೋ ಸಿಟ್ಟು ಈಗ ಜಾಸ್ತಿಯಾಗಿದೆ. ಒಬ್ಬ ಮೇಸ್ಟ್ರು, ಒಬ್ಬ ಬಡಗಿ, ಒಬ್ಬ ಸೋತ ಅಪ್ಪ. ಇಂಥ ಪಾತ್ರ ಕೊಟ್ಟು ಒಂದು ಪೂರ್ತಿ ಸಿನಿಮಾ ಅವರ ಮೇಲೆ ನಿಲ್ಲಿಸಬೇಕಿತ್ತು.

ಹಳೇ_ಟಾಕೀಸು

ಬಡಗಿ! ಹೌದು, ಅಂಥ ಸಿನಿಮಾ ಬಂದಿದ್ದರೆ ನಾನೂ ನೋಡುತ್ತಿದ್ದೆ.

ಸರ್ಕಾರಿ_ಶಾಲೆ_ಟೀಚರ್

ನಡುವೆ ಬಂದೆ, ತಪ್ಪು ತಿಳಿಯಬೇಡಿ. ನಮ್ಮ ಶಾಲೆಯ ವಾರ್ಷಿಕೋತ್ಸವಕ್ಕೆ ಏಳನೇ ಕ್ಲಾಸಿನ ಮಕ್ಕಳು ನಾಟಕ ಮಾಡುತ್ತಿದ್ದಾರೆ. ಹಳ್ಳಿ ಮನೆ ಬೇಕು. ಎರಡು ಹಳೇ ಪ್ಲೈವುಡ್ ಶೀಟು ಸಿಕ್ಕಿದೆ, ದುಡ್ಡಿಲ್ಲ. ಎಣ್ಣೆ ಕಲೆಯ ಗೋಡೆ ಓದಿದಾಗಿನಿಂದ ಮಕ್ಕಳಿಗೆ ಅಂಥದ್ದೇ ಮಾಡಿಕೊಡಬೇಕು ಅಂತ ಆಸೆ ಹುಟ್ಟಿದೆ. ರೀಪರ್_ಪಟ್ಟಿ ಸರ್, ಸ್ವಲ್ಪ ಹೇಳಿಕೊಡ್ತೀರಾ?

ರೀಪರ್_ಪಟ್ಟಿ

ಖಂಡಿತ ಟೀಚರ್. ಮೊದಲು ಶೀಟಿನ ಹಿಂದೆ ಅಡ್ಡ ಪಟ್ಟಿ ಹೊಡೆಸಿ, ಕೆಳಗೆ ಊರುಗೋಲು ಕೊಟ್ಟು ಮರಳಿನ ಚೀಲ ಇಡಿಸಿ. ಮಕ್ಕಳು ತಳ್ಳಿದರೂ ಬೀಳಬಾರದು, ಅದು ಮುಖ್ಯ. ಮುಂಭಾಗಕ್ಕೆ ಹಳೇ ಪೇಪರನ್ನು ಮೈದಾ ಗಂಜಿಯಲ್ಲಿ ಅದ್ದಿ ಅಂಟಿಸಿ. ಸುಕ್ಕು ಬಂದರೆ ಬರಲಿ, ಮಣ್ಣಿನ ಗೋಡೆ ನಯ ಇರಲ್ಲ. ಒಣಗಿದ ಮೇಲೆ ಸುಣ್ಣಕ್ಕೆ ಸ್ವಲ್ಪ ಫೆವಿಕಾಲ್ ಬೆರೆಸಿ ಬಳಿಸಿ. ಸುಣ್ಣದ ಕೆಲಸ ನೀವೇ ಮಾಡಿ, ಮಕ್ಕಳ ಕೈಗೆ ಕೊಡಬೇಡಿ. ಕೆಳಗೆ ಒಂದು ಮೊಳ ಕೆಮ್ಮಣ್ಣು. ಒಲೆ ಇರುವ ಕಡೆ ಇದ್ದಿಲ ಪುಡಿಯನ್ನು ಒಣ ಬಟ್ಟೆಯಲ್ಲಿ ಮೇಲ್ಮುಖವಾಗಿ ಒರೆಸಿ, ಹೊಗೆ ಹೋದ ಹಾಗೆ ಕಾಣುತ್ತದೆ. ಟೀ ಡಿಕಾಕ್ಷನ್ ಗಟ್ಟಿಯಾಗಿ ಕುದಿಸಿ, ಆರಿಸಿ, ಮೇಲಿನಿಂದ ಎರಡು ಮೂರು ಕಡೆ ಸುರಿಯಿರಿ. ಮಳೆ ಸೋರಿದ ಗುರುತು ಅದು.

ಎಣ್ಣೆ ಕಲೆಯನ್ನು ನೀವು ಮಾಡಬೇಡಿ. ಅಜ್ಜನ ಪಾತ್ರ ಮಾಡುವ ಹುಡುಗ ಯಾರೋ ಅವನ ಕೈಯಲ್ಲೇ ಮಾಡಿಸಿ. ಅವನು ಎಲ್ಲಿ ಕೂರುತ್ತಾನೋ ಅಲ್ಲಿ ಕೂರಿಸಿ, ತಲೆ ಎಲ್ಲಿ ತಾಗುತ್ತದೆ ನೋಡಿ, ಅಲ್ಲಿಗೆ ಎರಡು ಹನಿ ಕೊಬ್ಬರಿ ಎಣ್ಣೆ ತೀಡಲಿ. ಆಮೇಲೆ ಒಂದು ರಾತ್ರಿ ಒಣಗಲು ಬಿಡಿ. ಮುಟ್ಟಿದರೆ ಸುಣ್ಣ ಬಟ್ಟೆಗೆ ಅಂಟಬಾರದು. ಫೋಟೋ ಹಾಕಿ ಮತ್ತೆ, ನೋಡ್ತೀನಿ.